ಅಲುಗದ ಹುಬ್ಬು

ಫೆಬ್ರುವರಿ ೧೨, ೨೦೦೭, ಸೋಮವಾರ. ಬೆಳಗ್ಗೆ ಒಂಬತ್ತು ಗಂಟೆ ನಲವತ್ತು ನಿಮಿಷಕ್ಕೆ ಹುಬ್ಬಳ್ಳಿಯ ದೇಸಾಯಿ ಓಣಿ ಪೊಲೀಸ್ ಠಾಣೆಯ ಮೆಟ್ಟಿಲು ಹತ್ತಿ ಬಂದ ಬೆಲ್ಲದ ವ್ಯಾಪಾರಿ ಶಿದ್ದಪ್ಪ ಸುಳ್ಳದ, ಕುರ್ಚಿ ತೋರಿಸಿದರೂ ಕೂಡಲಿಲ್ಲ. ಅಂಗಿಯ ಗುಂಡಿಗಳು ಒಂದಕ್ಕೊಂದು ತಪ್ಪಿದ್ದವು. ಒಂದು ಕಾಲಲ್ಲಿ ತನ್ನ ಚಪ್ಪಲಿ, ಇನ್ನೊಂದರಲ್ಲಿ ಮಗನದು.

"ನನ್ನ ಹೇಣ್ತಿಗೆ ವಿಷಾ ಹಾಕ್ಯಾರ್ರಿ, ಸಾಹೇಬ್ರ," ಅಂದ.

ಇನ್ಸ್‌ಪೆಕ್ಟರ್ ಸೋಮಪ್ಪ ಬೆಟಗೇರಿ ಪೆನ್ನಿನ ಟೊಪ್ಪಿಗೆ ತೆಗೆಯುತ್ತ ಮೊದಲು ಆತನ ಹಣೆ ನೋಡಿದರು. ಇದು ಅವರ ಇಪ್ಪತ್ತಾರು ವರ್ಷದ ಚಟ. ಬಾಯಿ ಸುಳ್ಳು ಹೇಳುತ್ತದೆ, ಕಲಿಸಿದರೆ ಕಣ್ಣೂ ಹೇಳುತ್ತದೆ, ಆದರೆ ಹುಬ್ಬುಗಳ ನಡುವಿನ ಗೆರೆಗೆ ಮಾತ್ರ ಸುಳ್ಳು ಹೇಳಲು ಬರುವುದಿಲ್ಲ ಎನ್ನುವುದು ಅವರ ಸಿದ್ಧಾಂತ. ಉಪ್ಪಿನಬೆಟಗೇರಿಯಲ್ಲಿ ಎತ್ತಿನ ದಲ್ಲಾಳಿ ಮಾಡುತ್ತಿದ್ದ ಅಜ್ಜನಿಂದ ಬಂದ ವಿದ್ಯೆಯಂತೆ. ಕೇಳಿದವರಿಗೂ ಕೇಳದವರಿಗೂ ಅದನ್ನು ಹೇಳುತ್ತಿದ್ದರು. ಮಹಿಳಾ ಕಾನ್‌ಸ್ಟೇಬಲ್ ಶಹಜಹಾನಬೇಗಂ ಏನಿಲ್ಲವೆಂದರೂ ಇಪ್ಪತ್ತು ಸಲ ಕೇಳಿ ಇಪ್ಪತ್ತು ಸಲವೂ "ಹೌದ್ರಿ" ಅಂದಿದ್ದಳು.

ಶಿದ್ದಪ್ಪನ ಹಣೆಯಲ್ಲಿ ಖರೇ ಸಂಕಟವಿತ್ತು.

"ಯಾರು ಹಾಕ್ಯಾರ?"

"ತಮ್ಮನ ಹೇಣ್ತಿರಿ. ಶರಣವ್ವ."

"ಕಣ್ಣಾರೆ ನೋಡೀರೇನು?"

"ಇಲ್ರಿ. ಶನಿವಾರ ನಮ್ಮ ದ್ರಾಕ್ಷಾಯಿಣಿ ಅಕಿ ಮನ್ಯಾಗ ಉಂಡು ಬಂದ್ಳು. ಹೊತ್ತು ಮುಳುಗೂದ್ರಾಗ ಎಲ್ಲಾ ಎರಡೆರಡು ಕಾಣಾಕತ್ತಾವು ಅಂದ್ಳು. ಐತವಾರ ಮುಂಜಾನಿ ಕಣ್ಣಿನ ರೆಪ್ಪಿ ಮ್ಯಾಲೆ ಏಳವಲ್ಲವು. ಮಧ್ಯಾಹ್ನ ತುತ್ತು ಗಂಟಲಾಗ ಇಳಿವಲ್ದು. ಸಂಜಿಮುಂದ ಉಸಿರ ಸಿಕ್ಕೊಂತು. ಈಗ ಮಷಿನ್ ಉಸಿರಾಡಸಾಕತ್ತೇತ್ರಿ."

"ಶರಣವ್ವಗ ಏನು ದ್ವೇಷ?"

"ನಮ್ಮ ಮಗ ವಿನೋದನ ಮದುವಿ ಮಾರ್ಚ್ ನಾಕಕ್ಕೈತಿ. ಶರಣವ್ವಗ ತನ್ನ ಅಕ್ಕನ ಮಗಳನ್ನ ತರಬೇಕಂತಿತ್ತು. ನಮ್ಮಾಕಿ ಒಲ್ಲೆ ಅಂದ್ಳು. ಆರು ತಿಂಗಳಾತು, ನೆಗೆಣ್ಣ್ಯಾರಿಬ್ಬರಿಗೂ ಮಾತಿಲ್ಲ."

"ಮಾತಿಲ್ಲದಾಕಿ ಮನ್ಯಾಗ ಹೆಂಗ ಉಂಡು ಬಂದ್ಳು?"

"ಅದು ನನಗೂ ತಿಳಿವಲ್ದ್ರಿ," ಅಂದ.

ಹತ್ತೂ ಕಾಲಿಗೆ ಎಫ್‌ಐಆರ್ ದಾಖಲಾಯಿತು. ಭಾರತೀಯ ದಂಡ ಸಂಹಿತೆಯ ಕಲಂ ೩೨೮, ವಿಷ ಉಣಿಸಿ ಹಾನಿ ಮಾಡಿದ ಆರೋಪ. ದ್ರಾಕ್ಷಾಯಿಣಿ ಬದುಕುಳಿಯದಿದ್ದರೆ ಕಲಂ ಬದಲಾಗುತ್ತದೆ, ಅದನ್ನು ಸೋಮಪ್ಪ ಶಿದ್ದಪ್ಪನಿಗೆ ಹೇಳಲಿಲ್ಲ.

ಹೆಂಗಸರನ್ನು ವಿಚಾರಣೆಗೆ ಠಾಣೆಗೆ ಎಳೆದು ತರುವಂತಿಲ್ಲ, ಅವರ ಮನೆಗೇ ಹೋಗಬೇಕು. ಹನ್ನೊಂದೂವರೆಗೆ ಜೀಪು ಶರಣವ್ವನ ಮನೆಯ ಮುಂದೆ ನಿಂತಿತು. ಇಬ್ಬರು ಪಂಚರ ಸಮಕ್ಷಮ ಅಡುಗೆಮನೆಯ ಪಂಚನಾಮೆ ನಡೆಯಿತು. ಉಳಿದ ಶೇಂಗಾ ಹೋಳಿಗೆ ಮೂರು, ಗುರೆಳ್ಳು ಚಟ್ನಿಪುಡಿ ಒಂದು ಡಬ್ಬಿ, ಮಾವಿನಕಾಯಿ ಉಪ್ಪಿನಕಾಯಿ ಒಂದು ಭರಣಿ. ಎಲ್ಲಕ್ಕೂ ಅರಗಿನ ಮುದ್ರೆ ಬಿತ್ತು. ಅದೇ ಹೋಳಿಗೆ ತಿಂದ ಶರಣವ್ವನ ಗಂಡ ಗುಂಡುಕಲ್ಲಿನಂತೆ ಬಾಗಿಲಲ್ಲಿ ನಿಂತಿದ್ದ.

ಶರಣವ್ವ ನಲವತ್ತೈದರ ಹೆಂಗಸು. ಗೋಡೆಗೆ ಆತು ಕೂತಿದ್ದಳು, ಸೆರಗನ್ನು ಗದ್ದದ ತನಕ ಸುತ್ತಿಕೊಂಡಿದ್ದಳು. ಸೋಮಪ್ಪ ಎದುರಿಗೆ ಸ್ಟೂಲು ಎಳೆದು ಕೂತರು.

"ನಿನ್ನ ನೆಗೆಣ್ಣಿ ಸಾಯಾಕತ್ತಾಳ. ಗೊತ್ತೈತಿ?"

"ಗೊತ್ತೈತ್ರಿ."

"ಹೋಳಿಗ್ಯಾಗ ಏನು ಕಲಿಸಿದಿ?"

"ಬೆಲ್ಲ, ಶೇಂಗಾ, ಯಾಲಕ್ಕಿ."

"ಆರು ತಿಂಗಳು ಮಾತು ಬಿಟ್ಟಾಕಿನ್ನ ಊಟಕ್ಕ ಯಾಕ ಕರದಿ?"

ಅವಳು ಸೆರಗನ್ನು ಗದ್ದದ ಮೇಲಕ್ಕೆ ಎಳೆದುಕೊಂಡಳು.

"ಜೀವ ಹೋದ್ರ ಕೊಲಿ ಕೇಸ್ ಆಕ್ಕೈತಿ. ನಿನ್ನ ಮಕ್ಕಳು ಕೊಲಿಗಡಿಕಿ ಮಕ್ಕಳು ಅನ್ನಿಸ್ಕೊಂತಾವು."

ಅವಳ ಕಣ್ಣಿಂದ ನೀರು ಇಳಿಯಿತು. ಆದರೆ ಹಣೆ? ಸೋಮಪ್ಪ ಮುಂದಕ್ಕೆ ಬಾಗಿ ನೋಡಿದರು. ಒಂದು ಗೆರೆ ಇಲ್ಲ, ಒಂದು ಗಂಟಿಲ್ಲ. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಳ್ಳುವ ಜನರನ್ನು ಅವರು ಸಾವಿರ ಕಂಡಿದ್ದರು. ಕೊಲೆಗಡುಕಿ ಅಂದರೂ ಹುಬ್ಬು ಅಲುಗಿಸದವಳನ್ನು ಇವತ್ತೇ ಕಂಡಿದ್ದು.

ಜೀಪಿನಲ್ಲಿ ಕೂತ ಮೇಲೆ ಹೇಳಿದರು: "ಅಬಾಬಾ, ಎಂಥಾ ಗಟ್ಟಿ ಹೆಂಗಸು! ಇಕೀನ ಮಾಡ್ಯಾಳ ಬೇಗಂ, ಸಂಶಯನ ಇಲ್ಲ."

"ಸಾಹೇಬ್ರ, ಅಕಿ ಕೈ ನಡುಗಾಕತ್ತಿದ್ವು. ದನಿನೂ ನಡುಗಾಕತ್ತಿತ್ತು. ಮಾರಿ ಒಂದ ಸುಮ್ಮನಿತ್ರಿ."

"ಮಾರಿನ ಮುಖ್ಯ."

"ಹೌದ್ರಿ," ಅಂದಳು ಬೇಗಂ, ಇಪ್ಪತ್ತೊಂದನೆಯ ಸಲ. ಆದರೆ ಈ ಸಲ ಅವಳ ದನಿಯಲ್ಲಿ ಒಪ್ಪಿಗೆ ಇರಲಿಲ್ಲ.

ಮಧ್ಯಾಹ್ನ ಮೂರೂವರೆಗೆ ಇಬ್ಬರೂ ಆಸ್ಪತ್ರೆಯಲ್ಲಿದ್ದರು. ನರರೋಗ ತಜ್ಞ ಡಾಕ್ಟರ್ ಗೌಸಮೊದ್ದೀನ ಧಾರವಾಡದವರು. ಅರವತ್ತು ದಾಟಿದ ಮೆತ್ತಗಿನ ಮನುಷ್ಯ, ರೋಗಿಗೆ ಕೇಳುತ್ತದೆಂದು ಹಾಸಿಗೆಯ ಬಳಿ ಯಾವತ್ತೂ ಗಟ್ಟಿಯಾಗಿ ಮಾತಾಡದವರು.

ದ್ರಾಕ್ಷಾಯಿಣಿ ಕಣ್ಣು ಮುಚ್ಚಿ ಮಲಗಿದ್ದಳು. ಬಾಯಲ್ಲಿ ಕೊಳವೆ. ಯಂತ್ರ ಉಸಿರು ತುಂಬಿದಾಗ ಎದೆ ಏಳುತ್ತಿತ್ತು, ಬಿಟ್ಟಾಗ ಇಳಿಯುತ್ತಿತ್ತು.

"ಎಚ್ಚರ ಇಲ್ಲೇನ್ರಿ?" ಸೋಮಪ್ಪ ಕೇಳಿದರು.

ಡಾಕ್ಟರು ಬೆರಳಿನಿಂದ ಅವಳ ರೆಪ್ಪೆ ಎತ್ತಿದರು. ಒಳಗೆ ಕಣ್ಣು ಪೂರಾ ಎಚ್ಚರವಾಗಿತ್ತು. ಅದು ಸೋಮಪ್ಪನವರನ್ನೇ ನೋಡುತ್ತಿತ್ತು. ಅವರು ಒಂದು ಹೆಜ್ಜೆ ಹಿಂದೆ ಸರಿದರು. ಹೆಣಗಳನ್ನು ನೋಡಿ ನೋಡಿ ಗಟ್ಟಿಯಾದ ಮನುಷ್ಯ, ಒಂದು ಜೀವಂತ ಕಣ್ಣಿಗೆ ಹೆದರಿಬಿಟ್ಟರು.

"ಎಲ್ಲಾ ಕೇಳಸ್ತದ, ಎಲ್ಲಾ ತಿಳೀತದ," ಡಾಕ್ಟರು ಹೊರಗಿನ ಪಡಸಾಲೆಗೆ ಕರೆದುಕೊಂಡು ಬಂದು ಹೇಳಿದರು. "ಮಿದುಳು ಛಲೋ ಅದ. ಮಿದುಳಿನ ಮಾತು ಮಾಂಸಖಂಡಕ್ಕ ಮುಟ್ಟವಲ್ದು, ಅಷ್ಟ. ಕೈಬೆರಳು ಸ್ವಲ್ಪ ಅಲುಗತಾವ. ಊಟದಾಗಿನ ವಿಷ ಇರಬಹುದು ಅಂತ ನಾನೂ ಮೊದಲು ಅಂದ್ಕೊಂಡೆ. ಕೆಟ್ಟ ಡಬ್ಬಿ ಊಟದಾಗ ಇಂಥದೊಂದು ವಿಷ ಹುಟ್ಟತದ. ಆದರ ಮುಂಜಾನಿ ನರ್ಸ್ ಮಾರಿ ಒರಸುವಾಗ ಕರದು ತೋರಿಸಿದ್ಲು. ಹುಬ್ಬಿನ ನಡುವ ಐದು ಚುಕ್ಕಿ. ಕುತ್ತಿಗಿ ಮ್ಯಾಲೆ ಸಾಲಾಗಿ ಹದಿನಾಲ್ಕು. ಸೂಜಿ ಗುರ್ತು."

"ಸೂಜಿ ಯಾಕ್ರಿ ಅಲ್ಲಿ?"

"ಸುಕ್ಕು ತೆಗಿಲಿಕ್ಕೆ."

ಸೋಮಪ್ಪನವರಿಗೆ ಅರ್ಥವಾಗಲಿಲ್ಲ. ಡಾಕ್ಟರು ಬೆಂಚಿನ ಮೇಲೆ ಕೂರಿಸಿಕೊಂಡು, ಶಾಲೆಯ ಹುಡುಗನಿಗೆ ಹೇಳುವಂತೆ ಹೇಳಿದರು. ಹುಬ್ಬು ಗಂಟಿಕ್ಕುವುದು ಚಿಕ್ಕ ಚಿಕ್ಕ ಮಾಂಸಖಂಡಗಳ ಕೆಲಸ. ನರ ಬಂದು 'ಎಳಿ' ಅನ್ನುತ್ತದೆ, ಅವು ಎಳೆಯುತ್ತವೆ, ಚರ್ಮ ಮಡಚುತ್ತದೆ, ವರ್ಷಗಟ್ಟಲೆ ಮಡಚಿ ಗೆರೆ ಕೂರುತ್ತದೆ. ಕೆಟ್ಟ ಡಬ್ಬಿ ಊಟದಲ್ಲಿ ಹುಟ್ಟುವ ಆ ವಿಷವನ್ನೇ ತೀರ ತೆಳುವಾಗಿಸಿ ಒಂದು ಹನಿ ಅಲ್ಲಿಗೆ ಚುಚ್ಚಿದರೆ ನರದ ಬಾಯಿ ಮುಚ್ಚುತ್ತದೆ. ಮಾಂಸಖಂಡ ಮಲಗುತ್ತದೆ, ಗೆರೆ ಮಾಯ.

"ವಿಷ ಅಂದ್ರ ಎಷ್ಟು ಜೋರಿಂದ್ರಿ?"

"ಸೋಮಪ್ಪನವ್ರ, ಲೋಕದಾಗ ಇದಕ್ಕಿಂತ ಜೋರಾದ ವಿಷ ಗೊತ್ತಿಲ್ಲ. ಶುದ್ಧವಾದದ್ದು ಒಂದು ಸಾಸಿವಿಕಾಳಿನಷ್ಟಿದ್ದರ ನಿಮ್ಮ ಬೆಟಗೇರಿ ಊರು ಪೂರಾ ಉಸಿರು ನಿಲ್ಲಸ್ತದ."

ಸೋಮಪ್ಪನವರ ಕಣ್ಣ ಮುಂದೆ ಊರಿನ ಓಣಿಗಳೆಲ್ಲ ಬಂದು ಹೋದವು. ಒಂದು ಸಾಸಿವೆ ಕಾಳು! ಶಿವನೇ, ಇದನ್ನು ಹೆಂಗಸರು ಹಣೆಗೆ ಚುಚ್ಚಿಸಿಕೊಳ್ಳುತ್ತಾರೆಯೇ?

"ಚುಚ್ಚಿಸ್ಕೋತಾರ, ಮತ್ತ ಛಲೋನೂ ಇರ್ತಾರ," ಡಾಕ್ಟರು ನಕ್ಕರು. "ನಾನ ಕೊಡತೇನಿ. ಕುತ್ತಿಗಿ ತಿರುಚಿಕೊಂಡು ಮೂರು ವರ್ಷ ನೆಟ್ಟಗ ನೋಡದಾಂವ ಒಬ್ಬ ಇದರಿಂದ ನನ್ನ ಮಾರಿ ನೋಡಿ ಅತ್ತಾನ. ಅಳತಿ ತಿಳಿದವನ ಕೈಯಾಗ ಅದು ಅಮೃತ. ಅದಕ್ಕ ಸೂಜಿಗೆ ಹಣಿ ಕೊಡೂ ಮೊದಲು ಕೇಳಬೇಕು, ಚುಚ್ಚಾಂವ ಡಾಕ್ಟರ್ ಹೌದೋ ಅಲ್ಲೋ. ಸೀಸೆದ ಮ್ಯಾಲೆ ಕಂಪನಿ ಹೆಸರು, ಬ್ಯಾಚ್ ನಂಬರು, ತಾರೀಖು ನೋಡಬೇಕು. ನನಗ ನರದ ಬ್ಯಾನಿ ಅದ, ಬಸರಿದ್ದೇನಿ, ಇಂಥಾ ಗುಳಿಗಿ ನುಂಗತೇನಿ ಅಂತ ಮುಚ್ಚಿಡದ ಹೇಳಬೇಕು. ನಮ್ಮ ಮಂದಿ ಸೀರಿ ತಗೋಳೂ ಮುಂದ ಸೆರಗು ಬಿಚ್ಚಿ ಬೆಳಕಿಗೆ ಹಿಡಿದು ನೋಡತಾರ. ಇದಕ್ಕ ಏನೂ ಕೇಳೂದಿಲ್ಲ, ಯಾಕಂದ್ರ ಕೇಳಾಕ ನಾಚಿಕಿ."

"ಕುತ್ತಿಗಿಗೆ ಚುಚ್ಚಿದ್ರ?"

"ಅಲ್ಲೆ ನುಂಗೂ ಮಾಂಸಖಂಡ ಹತ್ತಿರ ಇರ್ತಾವ. ಅಳತಿ ಹೆಚ್ಚಾದ್ರ ಅವೂ ಮಲಗತಾವ. ಇನ್ನೂ ಹೆಚ್ಚಾದ್ರ ಮೈತುಂಬ ಹಬ್ಬತದ. ಗಂಟಲು ಆದ ಮ್ಯಾಲೆ ಉಸಿರು."

ಸೋಮಪ್ಪ ಧಡಕ್ಕನೆ ಎದ್ದು ನಿಂತರು.

"ಡಾಕ್ಟರ, ಇದನ್ನ ಚುಚ್ಚಿಸ್ಕೊಂಡಾಕಿಗೆ ಬೈದ್ರ ಹುಬ್ಬು ಅಲುಗತಾವೇನು?"

"ಅಲುಗೂದಿಲ್ಲ. ಮನಿಗೆ ಬೆಂಕಿ ಹತ್ತಿದ್ರೂ ಗಂಟು ಹಾಕ್ಲಿಕ್ಕೆ ಬರೂದಿಲ್ಲ."

ಬೇಗಂ ಇನ್ಸ್‌ಪೆಕ್ಟರರ ಮುಖ ನೋಡಿದಳು. ಅಲ್ಲಿ ಗೆರೆಗಳೆಲ್ಲ ಒಟ್ಟಿಗೆ ಎದ್ದಿದ್ದವು. ಕಲ್ಲುಮನಸ್ಸು ಎಂದು ತಾವು ತಿಳಿದದ್ದು, ಪಾಪ, ಮಲಗಿದ ಮಾಂಸ. ಆ ಹೆಂಗಸು ಅಳುತ್ತಿದ್ದಳು, ಹೆದರುತ್ತಿದ್ದಳು, ಮುಖಕ್ಕೆ ಮಾತ್ರ ಅದನ್ನು ಹೇಳುವ ತ್ರಾಣವಿರಲಿಲ್ಲ. ಇಪ್ಪತ್ತಾರು ವರ್ಷದ ವಿದ್ಯೆ ಒಂದು ಹನಿ ಔಷಧಿಗೆ ಸೋತಿತ್ತು.

"ಇನ್ನೊಬ್ಬಾಕಿ ಅದಾಳ್ರಿ," ಸೋಮಪ್ಪ ಅಂದರು. "ಎಷ್ಟು ಹೊತ್ತೈತಿ ನಮಗ?"

"ಒಬ್ಬೊಬ್ಬರಿಗೆ ಎರಡು ದಿನ, ಒಬ್ಬೊಬ್ಬರಿಗೆ ವಾರ. ಲಗೂ ಕರಕೊಂಡು ಬರ್ರಿ. ಬಾಯಿಗೆ ನೀರು ಸಹಿತ ಹಾಕಬ್ಯಾಡ್ರಿ. ಮುಂಬೈಗೆ ಪ್ರತಿವಿಷಕ್ಕ ಹೇಳೇನಿ, ನಾಳಿ ವಿಮಾನಕ್ಕ ಬೆಳಗಾವಿಗೆ ಬರ್ತದ. ಅದು ಇನ್ನೂ ತಿರುಗಾಡೂ ವಿಷಾನ ಹಿಡೀತದ. ನರಕ್ಕ ಕೂತದ್ದನ್ನ ಬಿಡಸೂದಿಲ್ಲ."

ನಾಲ್ಕೂ ನಲವತ್ತಕ್ಕೆ ಜೀಪು ಮತ್ತೆ ಅದೇ ಬಾಗಿಲಿಗೆ ಬಂತು. ಶರಣವ್ವ ಅಡುಗೆಮನೆಯಲ್ಲಿ ಚಹದ ಬಟ್ಟಲು ಹಿಡಿದು ಕೂತಿದ್ದಳು. ಸೀರೆಯ ಎದೆಯ ಭಾಗ ಒದ್ದೆಯಾಗಿತ್ತು. ಕುಡಿದ ಚಹ ಮೂಗಿನಿಂದ ಹೊರಗೆ ಬಂದಿತ್ತು, ಅದನ್ನು ಯಾರಿಗೂ ಹೇಳದೆ ಒರೆಸಿಕೊಳ್ಳುತ್ತಿದ್ದಳು.

ಬೇಗಂ ಬಟ್ಟಲು ಕಿತ್ತುಕೊಂಡಳು. "ಅಕ್ಕಾರ, ಸೂಜಿ ಎಲ್ಲಿ ಮಾಡಿಸಿದ್ರಿ?"

"ಯಾವ ಸೂಜಿ?" ದನಿ ಆಗಲೇ ಮೂಗಿನಿಂದ ಬರುತ್ತಿತ್ತು.

ಸೋಮಪ್ಪ ಅವಳ ಎದುರಿಗೆ ನೆಲದ ಮೇಲೆಯೇ ಕೂತರು. "ತಂಗಿ, ನಾ ಮುಂಜಾನಿ ನಿನಗ ಕೊಲಿಗಡಿಕಿ ಅಂದೆ. ತಪ್ಪಾತು. ಈಗ ಸಿಟ್ಟು ಮಾಡು ನನ್ನ ಮ್ಯಾಲೆ. ಹುಬ್ಬು ಗಂಟು ಹಾಕಿ ಬೈ ನೋಡೋಣು."

ಅವಳು ಪ್ರಯತ್ನಪಟ್ಟಳು. ಕಣ್ಣಲ್ಲಿ ಸಿಟ್ಟು ಬಂತು, ತುಟಿ ನಡುಗಿತು, ಹಣೆ ಹಾಗೆಯೇ ಇತ್ತು. ಅವಳಿಗೇ ಅದು ತಿಳಿದು ಎರಡೂ ಕೈಯಿಂದ ಹಣೆ ಮುಚ್ಚಿಕೊಂಡಳು.

"ಹೇಳಾಕ ಬರಂಗಿಲ್ರಿ," ಅಂದಳು. "ಎಲ್ಲವ್ವನ ಭಂಡಾರ ಮುಟ್ಟಿ ಆಣಿ ಮಾಡೇವಿ. ಅಕ್ಕ ಬಿಡಿಸಿದ್ರಷ್ಟ ಹೇಳೇನು. ಹಂಗ ಹೇಳಿದ್ರ ಅಕ್ಕ ಉಳಿಯಂಗಿಲ್ಲ."

ಬೇರೆ ಊರಿನ ಅಧಿಕಾರಿ ಆಗಿದ್ದರೆ ಇಲ್ಲಿ ಗದರುತ್ತಿದ್ದ. ಸೋಮಪ್ಪ ಗದರಲಿಲ್ಲ. ಭಂಡಾರದ ಆಣೆ ಅಂದರೆ ಏನು ಎಂದು ಆ ನೆಲದಲ್ಲಿ ಹುಟ್ಟಿದವರಿಗೆ ಗೊತ್ತು. ಹಳದಿ ಪುಡಿಯ ಒಂದು ಚಿಟಿಕೆ ಮುಟ್ಟಿ ಆಡಿದ ಮಾತನ್ನು ಬಿಡಿಸುವ ಕಲಂ ದಂಡ ಸಂಹಿತೆಯಲ್ಲಿಲ್ಲ. ಕೊಲೆಯ ಆರೋಪ ಹೊತ್ತರೂ, ಗಂಟಲು ಕಟ್ಟಿದರೂ, ಮಾತು ಮುರಿಯದೆ ಕೂತ ಈ ಹೆಂಗಸನ್ನು ಕಂಡು ಅವರ ತಲೆ ತಾನಾಗಿ ಬಾಗಿತು.

"ನಡಿ, ಅಕ್ಕನ್ನ ಕೇಳೋಣು," ಅಂದರು.

ಐದೂ ಇಪ್ಪತ್ತಕ್ಕೆ ಅವಳನ್ನು ದ್ರಾಕ್ಷಾಯಿಣಿಯ ಪಕ್ಕದ ಹಾಸಿಗೆಯಲ್ಲಿ ಮಲಗಿಸಿದರು. ಕೊಳವೆಗಳ ನಡುವೆ ಅಕ್ಕನನ್ನು ಕಂಡದ್ದೇ ಶರಣವ್ವ "ಯಕ್ಕಾ" ಎಂದು ಅರಚಿದಳು. ಶಿದ್ದಪ್ಪ ಬಾಗಿಲಲ್ಲಿ ನಿಂತು ನೋಡುತ್ತಿದ್ದ. ಆರು ತಿಂಗಳಿನಿಂದ ಮಾತಿಲ್ಲ ಎಂದು ತಾನೇ ಬರೆಸಿದ ಇಬ್ಬರು ಹೆಂಗಸರು ಇವರೇನಾ ಎಂದು ಅವನಿಗೆ ತಿಳಿಯಲಿಲ್ಲ.

ಬೇಗಂ ದ್ರಾಕ್ಷಾಯಿಣಿಯ ಕಿವಿಯ ಹತ್ತಿರ ಬಾಗಿದಳು. "ಅಕ್ಕಾರ, ಶರಣವ್ವಗೂ ಗಂಟಲು ಕಟ್ಟೇತಿ. ಆಣಿ ಬಿಡಸ್ರಿ. ನನ್ನ ಅಂಗೈಮ್ಯಾಲೆ ಬರೀರಿ." ತನ್ನ ಅಂಗೈಯನ್ನು ಆ ಬೆರಳಿನ ಕೆಳಗೆ ಹಿಡಿದಳು.

ಬಹಳ ಹೊತ್ತು ಏನೂ ಆಗಲಿಲ್ಲ. ಯಂತ್ರ ಎಂಟು ಹತ್ತು ಸಲ ಉಸಿರು ತುಂಬಿತು. ಆಮೇಲೆ ಬೆರಳು ಅಲುಗಿತು. ಒಂದು ದುಂಡನೆಯ ಸುತ್ತು, ಮೇಲೊಂದು ಕೊಕ್ಕೆ. ನಿಂತಿತು. ಮತ್ತೆ ಅಲುಗಿತು. ಬೇಗಂ ಉಸಿರು ಬಿಗಿಹಿಡಿದು ಓದಿದಳು.

"ಹೇಳು. ಹೇಳು ಅಂತ ಬರದಾರ್ರಿ!"

ಬೇಗಂಳ ಕಣ್ಣಲ್ಲಿ ನೀರು ಬಂದಿತ್ತು. ಡಾಕ್ಟರ್ ಗೌಸಮೊದ್ದೀನ ಕನ್ನಡಕ ತೆಗೆದು ಒರೆಸಿಕೊಂಡರು. ಅಂಥ ವಿಷದ ಕೆಳಗೆ, ರೆಪ್ಪೆ ಎತ್ತಲಾಗದ ಒಂದು ದೇಹದಿಂದ, ಒಂದು ಮಾತು ಹೊರಗೆ ಬಂದಿತ್ತು. ಸೋಮಪ್ಪ ಟೊಪ್ಪಿಗೆ ತೆಗೆದು ಕೈಯಲ್ಲಿ ಹಿಡಿದುಕೊಂಡರು, ಯಾಕೆಂದು ಅವರಿಗೇ ಗೊತ್ತಾಗಲಿಲ್ಲ.

ಶರಣವ್ವ ಹೇಳಿದಳು. ನಿಶ್ಚಯ ಕಾರ್ಯದ ವೀಡಿಯೋ ಸಿ.ಡಿ. ಬಂದಿತ್ತು. ಅದರಲ್ಲಿ ಬೀಗಿತ್ತಿ ಹುಡುಗಿಯ ಹಾಗೆ ಕಾಣುತ್ತಿದ್ದಳು. ನೋಡಲು ಬಂದ ಯಾರೋ ಒಬ್ಬಳು ದ್ರಾಕ್ಷಾಯಿಣಿಯನ್ನು ತೋರಿಸಿ "ಇವರು ವರನ ಅಜ್ಜಿಯೇನು" ಅಂದಳು. ಆ ಮಾತು ಕೇಳಿ ದ್ರಾಕ್ಷಾಯಿಣಿ ಎದ್ದು ಹಿತ್ತಲಿಗೆ ಹೋಗಿ ಅತ್ತಳು. ಮಾತು ಬಿಟ್ಟಿದ್ದ ಶರಣವ್ವ ಹಿಂದೆಯೇ ಹೋಗಿ ಕಣ್ಣೀರು ಒರೆಸಿದಳು. ರಾಜಿಯಾದದ್ದು ಅಲ್ಲಿ, ಯಾರಿಗೂ ತಿಳಿಯದೆ.

"ಧಾರವಾಡದಾಗ ಸುಕನ್ಯಾಕ್ಕ ಅಂತ ಅದಾರ್ರಿ. ಮನ್ಯಾಗ ಮಾಡ್ತಾರ. ಗುರುವಾರ ಸಿಟಿ ಬಸ್ಸಿಗೆ ಇಬ್ಬರೂ ಸೆರಗು ಹೊತ್ಕೊಂಡು ಹೋದ್ವಿ. ಗಂಡಸರಿಗೆ ಗೊತ್ತಾದ್ರ ನಗತಾರಂತ ಆಣಿ ಮಾಡಿದ್ವಿ."

"ಕುತ್ತಿಗಿಗೆ ಯಾಕ ಚುಚ್ಚಿದ್ಲು?"

ಶರಣವ್ವ ನಾಚಿದಳು. ಆ ಸ್ಥಿತಿಯಲ್ಲೂ ನಾಚಿದಳು. "ಅಕ್ಕ ಕೊಸರು ಕೇಳಿದ್ರು."

"ಏನು?"

"ಹಣಿಗೆ ಆತು, ಒಂದಿಷ್ಟು ಕೊಸರು ಹಾಕವಾ ಅಂದ್ರು. ಸುಕನ್ಯಾಕ್ಕ ನಕ್ಕು ಕುತ್ತಿಗಿಗೆ ಹಾಕಿದ್ರು. ಮದುಮಗನ ತಾಯಿ ಅಂತ ಅಕ್ಕಗ ಎರಡು ಸಲ. ನನಗ ಒಂದ ಸಲ."

ಸೋಮಪ್ಪ ಡಾಕ್ಟರ ಮುಖ ನೋಡಿದರು. ಅಳತೆಯ ಮೇಲೆ ಪುಕ್ಕಟೆ ಒಂದು ಚೂರು. ಹುಬ್ಬಳ್ಳಿಯ ಪ್ಯಾಟಿಯಲ್ಲಿ ಬದನೆಕಾಯಿಗೆ ಕೊಸರು, ಮೊಸರಿಗೆ ಕೊಸರು, ಚುರುಮುರಿಗೆ ಕೊಸರು. ಕೇಳದವಳು ಸಂಸಾರಸ್ಥೆಯೇ ಅಲ್ಲ, ಹಾಕದವನು ವ್ಯಾಪಾರಿಯೇ ಅಲ್ಲ. ಅವರ ತಾಯಿಯೂ ಕೇಳಿದ್ದಳು, ಹೆಂಡತಿಯೂ ಕೇಳುತ್ತಾಳೆ. ಲೋಕದ ಅತಿ ಜೋರಾದ ವಿಷಕ್ಕೆ ಕೊಸರು ಕೇಳಿದವರು ಮಾತ್ರ ಈ ಭೂಮಿಯ ಮೇಲೆ ಇವರಿಬ್ಬರೇ ಇರಬೇಕು.

"ಮತ್ತ್ಯಾರಿಗೆ ಮಾಡ್ಯಾಳ ಅದ ಸೀಸೆದಾಗಿಂದು?"

"ಹೊಸಾ ಡಬ್ಬಿ ನಮ್ಮ ಮುಂದ ಒಡದ್ರು. ಅಂಥವು ಇನ್ನೂ ಅದಾವು. ನಾಳಿ ಮುಂಜಾನಿ ಐದು ಮಂದಿ ಬರೂರದಾರ ಅಂತಿದ್ರು."

ಅಷ್ಟೊತ್ತಿಗೆ ಕತ್ತಲಾಗಿತ್ತು, ಸೂರ್ಯ ಮುಳುಗಿದ ಮೇಲೆ ಹೆಂಗಸನ್ನು ಬಂಧಿಸುವಂತಿಲ್ಲ. ಧಾರವಾಡದ ಠಾಣೆಗೆ ತಿಳಿಸಿ, ಆ ಮನೆಯ ಮೇಲೆ ಕಣ್ಣಿಡಲು ಮಫ್ತಿಯಲ್ಲಿ ಜನ ಹಾಕಲಾಯಿತು.

ಮುಂದಿನ ಮಾತನ್ನು ಇಲ್ಲಿಯೇ ಹೇಳಿಬಿಡುವುದು ಒಳ್ಳೆಯದು. ಪ್ರತಿವಿಷ ಮಂಗಳವಾರ ಮಧ್ಯಾಹ್ನ ಬಂತು. ಶರಣವ್ವನಿಗೆ ಯಂತ್ರ ಹಚ್ಚುವ ಪ್ರಸಂಗ ಬರಲಿಲ್ಲ, ಹದಿನಾರನೆಯ ದಿನ ಗಂಜಿ ಕುಡಿದು ಮನೆಗೆ ಹೋದಳು. ದ್ರಾಕ್ಷಾಯಿಣಿ ಯಂತ್ರ ಬಿಟ್ಟು ಉಸಿರಾಡಲು ಏಳು ವಾರ ಬೇಕಾಯಿತು. ಮುಚ್ಚಿದ ನರದ ಬಾಯನ್ನು ತೆರೆಯುವ ಔಷಧಿ ಇಲ್ಲ, ನರವೇ ಹೊಸ ಚಿಗುರು ಬಿಟ್ಟು ಮಾಂಸಖಂಡವನ್ನು ಹುಡುಕಿಕೊಂಡು ಹೋಗಿ ಮುಟ್ಟುತ್ತದೆ ಎಂದು ಡಾಕ್ಟರು ಹೇಳಿದಾಗ ಸೋಮಪ್ಪ ಎರಡು ಸಲ ಕೇಳಿ ಖಾತ್ರಿ ಮಾಡಿಕೊಂಡರು. ಮದುವೆ ಮೇ ತಿಂಗಳಿಗೆ ಹೋಯಿತು. ಹುಬ್ಬಿನ ಗೆರೆಗಳು ಅಷ್ಟರೊಳಗೆ ವಾಪಸು ಬರತೊಡಗಿದ್ದವು. ಆದರೆ ಇದೆಲ್ಲ ಸೋಮವಾರ ಸಂಜೆ ಯಾರಿಗೂ ಗೊತ್ತಿರಲಿಲ್ಲ.

ಫೆಬ್ರುವರಿ ೧೩, ಮಂಗಳವಾರ, ಬೆಳಗ್ಗೆ ಎಂಟೂ ಹತ್ತು. ಸುಕನ್ಯಾಳ ಮನೆಯ ಪಡಸಾಲೆಯಲ್ಲಿ ಐದು ಜನ ಹೆಂಗಸರು ಒಬ್ಬರ ಮುಖ ಒಬ್ಬರು ನೋಡದೆ ಕೂತಿದ್ದರು. ಆರನೆಯವಳಾಗಿ ಸಾದಾ ಸೀರೆಯಲ್ಲಿ ಬೇಗಂ ಬಂದು ಕೂತಳು. ಸುಕನ್ಯಾ ಒಳಗಿನಿಂದ ಬಂದಳು. ಐವತ್ತರ ಹತ್ತಿರದ, ಬೆಳ್ಳಗೆ ಇಸ್ತ್ರಿ ಮಾಡಿದ ಕೋಟು ಹಾಕಿದ ಹೆಂಗಸು. ಬೇಗಂಳನ್ನು ಕಂಡು ನಕ್ಕಳು.

"ನಿನಗ್ಯಾಕವಾ? ಇನ್ನೂ ಮೂವತ್ತೂ ಆಗಿಲ್ಲ ನಿನಗ."

"ಪೊಲೀಸ್ ನೌಕರಿ ಅಕ್ಕಾರ, ಲಗೂ ಮುಪ್ಪಾಕ್ಕೇವಿ," ಅನ್ನುತ್ತ ಬೇಗಂ ಎದ್ದು, ಸಿರಿಂಜ್ ಹಿಡಿದ ಅವಳ ಮಣಿಕಟ್ಟು ಹಿಡಿದಳು. "ಕೆಳಗಿಡ್ರಿ ಅದನ್ನ. ಮೆತ್ತಗ."

ಸೋಮಪ್ಪ ಒಳಗೆ ಕಾಲಿಡುವಷ್ಟರಲ್ಲಿ ಐದು ಹೆಂಗಸರೂ ಹಿತ್ತಲ ಬಾಗಿಲಿನಿಂದ ಮಾಯ. ಅಲ್ಲಿ ನಿಂತಿದ್ದ ಪೇದೆ ಅವರನ್ನು ತಡೆದು ಹೆಸರು ಬರೆದುಕೊಳ್ಳುವಾಗ ಐವರೂ "ನಾವು ಹಪ್ಪಳದ ಸಲುವಾಗಿ ಬಂದಿದ್ವಿ" ಅಂದರಂತೆ.

ಪಕ್ಕದ ಮನೆಯ ಫ್ರಿಜ್ ಮೆಕ್ಯಾನಿಕ್ ಮಕಬೂಲಸಾಬ ಪಂಚನಾದ. ಸುಕನ್ಯಾಳ ಫ್ರಿಜ್ಜನ್ನು ಎರಡು ಸಲ ರಿಪೇರಿ ಮಾಡಿದವನೇ ಅವನು. ಬಾಗಿಲಿನ ಅರೆಯಲ್ಲಿ, ಮೊಸರಿನ ಬಟ್ಟಲಿಗೂ ಕೊತ್ತಂಬರಿಗೂ ನಡುವೆ, ಹೆಬ್ಬೆರಳಿನಷ್ಟು ಗಾಜಿನ ಸೀಸೆಗಳು ಏಳು. ಅವುಗಳ ಮೇಲೆ ಕಂಪನಿಯಿಲ್ಲ, ಬ್ಯಾಚ್ ಇಲ್ಲ, ತಾರೀಖಿಲ್ಲ, ಅಂಟಿಸಿದ ಚೀಟಿಯಲ್ಲಿ ಅಳತೆಯೆಂದು ನೂರು ಎಂಬ ಅಂಕಿ ಮಾತ್ರ. ಒಳಗೆ ನೋಡಿದರೆ ತಳದಲ್ಲಿ ಉಸಿರು ತಾಗಿದಷ್ಟು ಮಂಜು, ಅಷ್ಟೇ. ಮಕಬೂಲಸಾಬ ಒಂದನ್ನು ಬೆಳಕಿಗೆ ಹಿಡಿದು "ಇದ್ರಾಗ ಏನೂ ಇಲ್ಲಲ್ರಿ ಸಾಹೇಬ್ರ" ಅಂದ. ಸೋಮಪ್ಪ ಅದನ್ನು ಎರಡೂ ಕೈಯಿಂದ ವಾಪಸು ತೆಗೆದುಕೊಂಡು ಹತ್ತಿಯಲ್ಲಿಟ್ಟರು. ನೂರು ಎಂದು ಬರೆದದ್ದರೊಳಗೆ ಎಷ್ಟೋ ಪಟ್ಟು ಹೆಚ್ಚಿತ್ತು ಎಂದು ಪ್ರಯೋಗಾಲಯದ ವರದಿ ಬಂದದ್ದು ಜೂನ್‌ನಲ್ಲಿ.

ಒಂಬತ್ತೂ ಮುಕ್ಕಾಲಿಗೆ ಬಂಧನ. ಕಲಂ ೩೨೮ ಹೋಗಿ, ವಿಷದ ಅಜಾಗರೂಕ ಬಳಕೆಯ ೨೮೪, ಅಜಾಗರೂಕತೆಯಿಂದ ತೀವ್ರ ಗಾಯ ಮಾಡಿದ ೩೩೮ ಮತ್ತು ಔಷಧ ಕಾಯ್ದೆ ಸೇರಿದವು. ದ್ರಾಕ್ಷಾಯಿಣಿಯ ಸುದ್ದಿ ಹೇಳಿದಾಗ ಸುಕನ್ಯಾ ಬಿಳಿ ಕೋಟು ಬಿಚ್ಚಿ ಕೆಳಗಿಟ್ಟಳು.

ದೇಸಾಯಿ ಓಣಿ ಠಾಣೆಯಲ್ಲಿ, ಬೇಗಂ ಪಕ್ಕದಲ್ಲಿ ಕೂತಿರಲು, ಸೋಮಪ್ಪ ಕೇಳಿದರು. "ಎಲ್ಲಿ ಕಲ್ತಿ?"

"ಮುಂಬೈದಾಗ ಚರ್ಮದ ಡಾಕ್ಟರ ಬಾಜೂ ಹದಿನಾಲ್ಕು ವರ್ಷ ಟ್ರೇ ಹಿಡದೇನ್ರಿ. ಸೂಜಿ ಎಲ್ಲಿ, ಎಷ್ಟು ಆಳ, ಎಲ್ಲಾ ಕಣ್ಣಾಗೈತಿ."

"ಸೀಸೆ?"

"ಕಂಪನ್ಯಾರು ಡಾಕ್ಟರಿಗಷ್ಟ ಕೊಡ್ತಾರ. ನನಗ ಯಾರು ಕೊಡ್ತಾರ? ಒಬ್ಬಾಂವ ಪಾರ್ಸಲ್ ಕಳಸ್ತೇನಿ ಅಂದ. ಇದು ಎರಡನೇ ಪಾರ್ಸಲ್ಲು."

"ಕೊಸರು ಯಾಕ ಹಾಕಿದಿ?"

"ನಮ್ಮವ್ವ ಮುಗದ ಊರಾಗ ಮೊಸರು ಮಾರತಿದ್ಲು. ಅಳತಿ ಗಂಗಾಳಕ್ಕ, ಕೊಸರು ಮನಸ್ಸಿಗೆ ಅಂತಿದ್ಲು. ಕೇಳಿದ ಮ್ಯಾಲೆ ಇಲ್ಲ ಅನ್ನಾಕ ನನಗ ಬಾಯಿ ಬರಂಗಿಲ್ರಿ."

ದುಡ್ಡಿಗಾಗಿ ಮಾಡಿದಳೇ? ಅಲ್ಲ. ಸೀಸೆಗೆ ಕೊಟ್ಟದ್ದರ ಮೇಲೆ ಚಹಪುಡಿಯ ಖರ್ಚು ಹುಟ್ಟುತ್ತಿದ್ದರೆ ಹೆಚ್ಚು. ತನಗೆ ಬೇಕಾಗಿದ್ದುದನ್ನು ಅವಳೇ ಹೇಳಿದಳು. ಮುಂಬೈಯ ಆ ಕೋಣೆಯಲ್ಲಿ ಹೆಂಗಸರು ಕನ್ನಡಿ ನೋಡಿಕೊಳ್ಳುತ್ತಿದ್ದರು, ಹಿಗ್ಗಿ ಡಾಕ್ಟರ ಕೈ ಹಿಡಿಯುತ್ತಿದ್ದರು. ಟ್ರೇ ಹಿಡಿದವಳು ಒಂದು ಮಾರು ದೂರದಲ್ಲಿ ನಿಂತಿರುತ್ತಿದ್ದಳು. ಹದಿನಾಲ್ಕು ವರ್ಷದಲ್ಲಿ ಒಬ್ಬರೂ ಅವಳ ಹೆಸರು ಕೇಳಲಿಲ್ಲ. ಧಾರವಾಡಕ್ಕೆ ಬಂದು ಮೊದಲ ಹೆಂಗಸಿಗೆ ಚುಚ್ಚಿದ ವಾರದ ಮೇಲೆ ಆ ಹೆಂಗಸು ಬಂದು, ಇವಳ ಎರಡೂ ಗಲ್ಲಕ್ಕೆ ಕೈ ಹಚ್ಚಿ, ಲಟಿಗೆ ಮುರಿದು ದೃಷ್ಟಿ ತೆಗೆದಳು.

"ಅವತ್ತು ರೊಟ್ಟಿ ತಿನ್ನಾಕ ಆಗ್ಲಿಲ್ರಿ ನನಗ, ಅಷ್ಟು ಹೊಟ್ಟಿ ತುಂಬಿತ್ತು," ಅಂದಳು.

ಬೇಗಂ ತಲೆ ತಗ್ಗಿಸಿಕೊಂಡಳು. ಅಂಥ ದೊಡ್ಡ ವಿಷವನ್ನು ಇಷ್ಟು ಸಣ್ಣ ಆಸೆ ಎತ್ತಿಕೊಂಡು ಮನೆಮನೆಗೆ ತಂದಿತ್ತೆಂದು ಸೋಮಪ್ಪನವರಿಗೆ ನಂಬಲಾಗಲಿಲ್ಲ. ಎದುರಿಗೆ ಕೂತವಳ ಮುಖ ನೋಡಿದರು. ಕಣ್ಣ ಮೂಲೆಯಿಂದ ಗದ್ದದ ತನಕ ಸುಕ್ಕುಗಳು, ಹಣೆಯ ಮೇಲೆ ನಾಲ್ಕು ಗೆರೆ.

"ನೀ ಎಂದಾರ ಚುಚ್ಚಿಕೊಂಡಿಯೇನು?"

"ಇಲ್ರಿ."

"ಒಮ್ಮಿನೂ?"

"ಒಮ್ಮಿನೂ ಇಲ್ಲ."

"ಯಾಕ?"

ಸುಕನ್ಯಾ ತನ್ನ ಕೈಗಳನ್ನೇ ನೋಡಿಕೊಂಡಳು.

"ಅದೇನಂತ ನನಗ ಗೊತ್ತಿತ್ತಲ್ರಿ," ಅಂದಳು.

ಪೊಲೀಸರ ಮುಂದೆ ಆಡಿದ ಮಾತು ಕೋರ್ಟಿನಲ್ಲಿ ನಿಲ್ಲುವುದಿಲ್ಲ, ಅದು ಸೋಮಪ್ಪನವರಿಗೆ ಗೊತ್ತಿತ್ತು. ಆದರೂ ಅವಳು ಆಡಿದಂತೆಯೇ ಬರೆಸಿದರು, ಓದಿ ಹೇಳಿಸಿದರು. ಸುಕನ್ಯಾ ಎರಡು ಸಲ ಕೇಳಿಸಿಕೊಂಡು, ಹೌದು ಎಂದು ಅದರ ಕೆಳಗೆ ಸಹಿ ಹಾಕಿದಳು.